ಎಲ್ರೂ ರೆಡಿನಾ?

ಯುದ್ಧ ಮಾಡುವುದು ಅಂಥ ಕಷ್ಟದ ಕೆಲಸವೇನಲ್ಲ. ಯುದ್ಧಕ್ಕೆ ಎಂಟು ಜನರನ್ನು ಒಂದೇ ಹೊತ್ತಿಗೆ ಕಲೆಹಾಕುವುದಿದೆಯಲ್ಲ, ಅದು ಕಷ್ಟ. ಚರಿತ್ರೆಯ ಪುಸ್ತಕದಲ್ಲಿ ಎರಡೂ ಸೈನ್ಯಗಳು ಮುಖಾಮುಖಿಯಾದವು ಎಂದು ಒಂದೇ ಸಾಲಿನಲ್ಲಿ ಮುಗಿಸಿಬಿಡುತ್ತಾರೆ. ಯಾರು ಯಾರಿಗಾಗಿ ಎಷ್ಟು ಹೊತ್ತು ಕಾದರು, ಊಟ ಮುಗಿಸಿ ಬಂದೆ ಅಂತ ಹೋದವರಲ್ಲಿ ಯಾರು ತಿರುಗಿ ಬರಲೇ ಇಲ್ಲ ಎಂಬುದನ್ನು ಯಾವ ಶಾಸನವೂ ಹೇಳುವುದಿಲ್ಲ. ಶನಿವಾರ ರಾತ್ರಿಗಳಲ್ಲಿ ಗೆಳೆಯರಿಗಾಗಿ ‘ಏಜ್ ಆಫ್ ಎಂಪೈರ್ಸ್’ ಆಟ ಹೋಸ್ಟ್ ಮಾಡುವ ನನ್ನಂಥವರಿಗೆ ಮಾತ್ರ ಅದರ ಅಂದಾಜು ಸಿಕ್ಕೀತು.

ಆಡದವರಿಗಾಗಿ ಎರಡು ಮಾತು. ಅಮೆರಿಕದ ಟೆಕ್ಸಾಸ್‌ನಲ್ಲಿದ್ದ ಎನ್‌ಸೆಂಬಲ್ ಸ್ಟುಡಿಯೋಸ್ ತಯಾರಿಸಿ, ಮೈಕ್ರೋಸಾಫ್ಟ್ 1997ರಲ್ಲಿ ಹೊರತಂದ ಆಟ ಇದು. ಎರಡನೆಯ ಭಾಗ ಬಂದದ್ದು 1999ರಲ್ಲಿ. ಅದನ್ನೇ ತಿದ್ದಿ ತೀಡಿ 2019ರಲ್ಲಿ ಮತ್ತೆ ಬಿಟ್ಟರು. ನಾವೀಗ ಆಡುವುದು ಅದನ್ನೇ. ಶುರುವಿಗೆ ನಿಮಗೊಂದು ಪಟ್ಟಣದ ಕಟ್ಟಡ, ಮೂವರು ಹಳ್ಳಿಗರು, ಸಾಮಾನ್ಯವಾಗಿ ಕುದುರೆಯ ಮೇಲೊಬ್ಬ ಬೇಹಿನವನು. ಉಗ್ರಾಣದಲ್ಲಿ 200 ಆಹಾರ, 200 ಮರ, 100 ಚಿನ್ನ, 200 ಕಲ್ಲು. ಕುರಿ ಹುಡುಕಬೇಕು, ಮರ ಕಡಿಯಬೇಕು, ಐವರಿಗೆ ಒಂದರಂತೆ ಮನೆ ಕಟ್ಟುತ್ತಾ ಹೋಗಬೇಕು. 50 ಆಹಾರ ಕೊಟ್ಟು 25 ಸೆಕೆಂಡು ಕಾದರೆ ಇನ್ನೊಬ್ಬ ಹಳ್ಳಿಗ ಹುಟ್ಟುತ್ತಾನೆ. ಮನೆಯಲ್ಲಿ ಕರಿಬೇವು ತರಲು ಹೇಳಿದರೆ ಕೊತ್ತಂಬರಿ ತರುವ ಗಂಡಸರು ಇಲ್ಲಿ ನೂರು ಜನರ ಊಟ, ವಸತಿ, ಉದ್ಯೋಗ ಎಲ್ಲವನ್ನೂ ಏಕಕಾಲಕ್ಕೆ ನಿಭಾಯಿಸುತ್ತಾರೆ. ಇದು ಹೇಗೆ ಸಾಧ್ಯ ಎಂದು ನನ್ನ ಹೆಂಡತಿ ಕೇಳಿದ್ದಾಳೆ. ಉತ್ತರ ಇನ್ನೂ ಕೊಟ್ಟಿಲ್ಲ.

ಒಬ್ಬರೇ ಆಡಿದರೆ ಎದುರಾಳಿ ಕಂಪ್ಯೂಟರ್. ಕರೆದ ತಕ್ಷಣ ಬರುತ್ತದೆ, ಸೋತರೆ ಮುನಿಸಿಕೊಳ್ಳುವುದಿಲ್ಲ, ಗೆದ್ದರೆ ಮರುದಿನ ವಾಟ್ಸಾಪ್‌ನಲ್ಲಿ ಕೆಣಕುವುದಿಲ್ಲ. ಹಾಗಾಗಿಯೇ ಅದನ್ನು ಗೆದ್ದರೆ ಏನೂ ಅನ್ನಿಸುವುದಿಲ್ಲ. ಮನುಷ್ಯರ ಜೊತೆ ಆಡಬೇಕಾದರೆ ಎರಡು ದಾರಿ. ಬೇರೆಯವರು ತೆರೆದಿಟ್ಟ ಆಟಕ್ಕೆ ಹೋಗಿ ಜಾಯಿನ್ ಆಗಬಹುದು, ಇಲ್ಲವೇ ತಾನೇ ಒಂದು ತೆರೆದು ಹೋಸ್ಟ್ ಆಗಬಹುದು. ಆಟ ಶುರುವಾಗುವ ಮುಂಚೆ ಎಲ್ಲರೂ ಬಂದು ಕೂಡುವ ಜಾಗಕ್ಕೆ ಲಾಬಿ ಎನ್ನುತ್ತಾರೆ. ಎಂಟು ಸಾಲುಗಳು, ಪ್ರತಿ ಸಾಲಿನಲ್ಲಿ ಒಬ್ಬನ ಹೆಸರು, ಬಣ್ಣ, ಆರಿಸಿಕೊಂಡ ರಾಜ್ಯ, ತಂಡದ ಸಂಖ್ಯೆ. ಕೊನೆಯಲ್ಲಿ ರೆಡಿ ಎಂಬ ಟಿಕ್. ಎಂಟೂ ಟಿಕ್ ಬಿದ್ದ ಮೇಲೆ ಹೋಸ್ಟ್ ಸ್ಟಾರ್ಟ್ ಒತ್ತಬೇಕು.

ನಮ್ಮೂರಿನ ಬಸ್ ಸ್ಟ್ಯಾಂಡ್ ಹಿಂದೆ ನಿಲ್ಲುತ್ತಿದ್ದ ಟ್ರ್ಯಾಕ್ಸ್ ನೆನಪಾಗುವುದು ಇಲ್ಲೇ. ಸೀಟು ತುಂಬದೆ ಹೊರಡುವುದಿಲ್ಲ. ಇಬ್ಬರು ಕಮ್ಮಿ ಇದ್ದಾರೆಂದು ಡ್ರೈವರ್ ಕೂಗುತ್ತಿರುವಾಗ ಒಳಗೆ ಕೂತವರಲ್ಲಿ ಮೂವರು ಟೀ ಕುಡಿಯಲು ಇಳಿದು ಹೋಗುತ್ತಾರೆ. ಆ ಇಬ್ಬರು ಬಂದು ನೋಡಿದರೆ ಗಾಡಿ ಅರ್ಧ ಖಾಲಿ. ಇದು ಯಾವತ್ತಿಗೂ ಹೊರಡುವ ಗಾಡಿಯಲ್ಲ ಅಂತ ಅವರೂ ಇಳಿಯುತ್ತಾರೆ. ಲಾಬಿಯೂ ಹಾಗೆಯೇ ತುಂಬುತ್ತದೆ, ಹಾಗೆಯೇ ಸೋರುತ್ತದೆ.

ನಮ್ಮ ಗುಂಪಿನ ಡಾಕ್ಟರು ಯಾವಾಗಲೂ ಸಮಯಕ್ಕೆ ಸರಿಯಾಗಿ ಬಂದು ಟಿಕ್ ಹಾಕಿ, ಸಮಯಕ್ಕೆ ಸರಿಯಾಗಿ ಆಸ್ಪತ್ರೆಯಿಂದ ಫೋನು ಬಂದು ಎದ್ದುಹೋಗುತ್ತಾರೆ. ಹುಬ್ಬಳ್ಳಿಯ ಗೆಳೆಯನದು ‘ಹತ್ತ ನಿಮಿಷ ತಡೀಪಾ, ಬಂದೆ’ ಎಂಬ ಒಂದೇ ಮಾತು. ಆ ಹತ್ತು ನಿಮಿಷ ರಬ್ಬರಿನಿಂದ ಮಾಡಿದ್ದು. ಡಲ್ಲಾಸ್‌ನಲ್ಲಿರುವ ಭಾವಮೈದನಿಗೆ ನಮ್ಮ ರಾತ್ರಿ ಒಂಬತ್ತೂವರೆಯೆಂದರೆ ಬೆಳಗ್ಗೆ ಹನ್ನೊಂದು. ಇದನ್ನು ಎಲ್ಲರೂ ಬಾಯಿಪಾಠ ಮಾಡಿಕೊಳ್ಳುವ ಹೊತ್ತಿಗೆ ನವೆಂಬರ್ ಬರುತ್ತದೆ, ಅಲ್ಲಿ ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸುತ್ತಾರೆ. ಅವನು ತನ್ನ ಹನ್ನೊಂದಕ್ಕೇ ಸರಿಯಾಗಿ ಬರುತ್ತಾನೆ. ನಾವು ಒಂದು ಗಂಟೆ ಕಾದು ಕೆಂಡವಾಗಿರುತ್ತೇವೆ. ಇಬ್ಬರದೂ ತಪ್ಪಿಲ್ಲ ಎಂಬುದು ಜಗಳವನ್ನು ಇನ್ನಷ್ಟು ಬೆಳೆಸುತ್ತದೆ.

ಎಲ್ಲರೂ ಬಂದರು ಅನ್ನಿ. ಈಗ ಮ್ಯಾಪಿನ ಜಗಳ. ಅರೇಬಿಯಾ ಎಂಬ ಮ್ಯಾಪ್ ಬಟ್ಟಬಯಲು. ಕುರಿ ಕಾಯುತ್ತಿರುವಾಗಲೇ ಶತ್ರು ಬಂದು ಮೇಲೆ ಬೀಳಬಹುದು. ಬ್ಲ್ಯಾಕ್ ಫಾರೆಸ್ಟ್ ಎಂಬುದು ದಟ್ಟ ಕಾಡು. ಇಕ್ಕಟ್ಟಾದ ದಾರಿಗೆ ಗೋಡೆ ಕಟ್ಟಿಕೊಂಡು ಒಳಗೆ ಆರಾಮಾಗಿ ಒಕ್ಕಲುತನ ಮಾಡುತ್ತಾ ಕೂರಬಹುದು. ವಯಸ್ಸು ಮೂವತ್ತರ ಒಳಗಿನವರು ಬಯಲು ಕೇಳುತ್ತಾರೆ, ನಲವತ್ತು ದಾಟಿದವರು ಕಾಡು ಕೇಳುತ್ತಾರೆ. ಬಯಲು ಆರಿಸಿದರೆ ದಾವಣಗೆರೆಯ ಗೆಳೆಯನ ಟಿಕ್ ಹೋಗುತ್ತದೆ, ಕಾಡು ಆರಿಸಿದರೆ ಡಲ್ಲಾಸ್‌ನ ಟಿಕ್ ಹೋಗುತ್ತದೆ. ಕೊನೆಗೆ ಇಪ್ಪತ್ತು ನಿಮಿಷ ಯಾರೂ ಯಾರ ಮೇಲೂ ಏರಿಹೋಗಬಾರದು ಎಂಬ ಒಪ್ಪಂದದ ಮೇಲೆ ಬಯಲು. ಇಪ್ಪತ್ತೊಂದನೆಯ ನಿಮಿಷಕ್ಕೆ ಡಾಕ್ಟರ ಕುದುರೆಗಳು ನನ್ನ ಹೊಲದಲ್ಲಿರುತ್ತವೆ. ಶಪಥ ಮುರಿದಿಲ್ಲವಲ್ಲ ಎಂದು ಅವರು ಬರೆಯುತ್ತಾರೆ. ನಿಜ, ಮುರಿದಿಲ್ಲ.

ಹಿಂದೆ ಇಷ್ಟೆಲ್ಲ ರಗಳೆ ಇರಲಿಲ್ಲ. ಬೇರೆ ರಗಳೆ ಇತ್ತು. ಸೈಬರ್ ಸೆಂಟರ್‌ಗಳ ಕಾಲದಲ್ಲಿ, ಇಂಜಿನಿಯರಿಂಗ್ ಹಾಸ್ಟೆಲುಗಳಲ್ಲಿ, ಎಲ್ಲ ಕಂಪ್ಯೂಟರುಗಳಿಗೂ ಒಂದೇ ಲ್ಯಾನ್ ಕೇಬಲಿನ ನಂಟು. ಹೋಸ್ಟ್ ಮಾಡಿದವನು ತನ್ನ ಐಪಿ ವಿಳಾಸವನ್ನು ಗಟ್ಟಿಯಾಗಿ ಕೂಗುತ್ತಿದ್ದ: ಒನ್ ನೈನ್ ಟೂ, ಡಾಟ್, ಒನ್ ಸಿಕ್ಸ್ ಎಯ್ಟ್… ಉಳಿದವರು ಸಾಲಾಗಿ ಕೂತು ಅದನ್ನೇ ಗೊಣಗುತ್ತಾ ಟೈಪ್ ಮಾಡುತ್ತಿದ್ದರು. ಹೊರಗಿನಿಂದ ಕೇಳಿದವರಿಗೆ ಮಗ್ಗಿ ಹೇಳಿಸುತ್ತಿದ್ದಾರೆ ಅನ್ನಿಸಬೇಕು. ಪಕ್ಕದ ಪರದೆ ಇಣುಕಿ ನೋಡುವುದು ಮಹಾಪಾಪ, ಎಲ್ಲರೂ ಮಾಡುತ್ತಿದ್ದರು. ಮನೆಮನೆಗೆ ಇಂಟರ್ನೆಟ್ ಬಂದ ಮೇಲೆ, ಹಮಾಚಿ ಎಂಬ ತಂತ್ರಾಂಶ ಹಾಕಿಕೊಂಡರೆ ಧಾರವಾಡದ ಮನೆಯೂ ಬಸವನಗುಡಿಯ ಮನೆಯೂ ಒಂದೇ ಲ್ಯಾನಿನಲ್ಲಿವೆ ಎಂದು ಆಟವನ್ನು ನಂಬಿಸಬಹುದಿತ್ತು. ಮೈಕ್ರೋಸಾಫ್ಟಿನದೇ ‘ಝೋನ್’ ಎಂಬ ಕೂಡುದಾಣವೂ ಇತ್ತು. 2006ರಲ್ಲಿ ಸಿಡಿ ಆಟಗಳಿಗೆ ಅದರ ಬಾಗಿಲು ಮುಚ್ಚಿತು. ಈಗ ಲಿಂಕ್ ಕಳಿಸಿದರೆ ಸಾಕು. ಲಿಂಕ್ ನೋಡಿಲ್ಲ ಎಂಬ ಹೊಸ ನೆಪವೂ ಅದರ ಜೊತೆಗೇ ಬಂದಿದೆ.

ಈ ಆಟದ ಜಾಲದ ಹಿಂದಿನ ಕಥೆ ಆಟಕ್ಕಿಂತ ರುಚಿ. ಅದನ್ನು ಕಟ್ಟಿದವರಲ್ಲಿ ಪಾಲ್ ಬೆಟ್ನರ್, ಮಾರ್ಕ್ ಟೆರಾನೋ ಎಂಬಿಬ್ಬರು 2001ರಲ್ಲಿ ಅದರ ಬಗ್ಗೆ ಒಂದು ಪ್ರಬಂಧವನ್ನೇ ಮಂಡಿಸಿದರು. ‘28.8ರ ಮೇಲೆ 1500 ಬಿಲ್ಲುಗಾರರು’ ಎಂಬುದು ಅದರ ಹೆಸರಿನ ತಾತ್ಪರ್ಯ. 28.8 ಎಂದರೆ ಆಗಿನ ಮೋಡೆಮಿನ ವೇಗ, ಸೆಕೆಂಡಿಗೆ 28.8 ಕಿಲೋಬಿಟ್. ಅಷ್ಟು ಸಣ್ಣ ಕಿಂಡಿಯಲ್ಲಿ ಸಾವಿರಾರು ಬಿಲ್ಲುಗಾರರಲ್ಲಿ ಯಾರು ಎಲ್ಲಿ ನಿಂತಿದ್ದಾನೆ ಎಂದು ಕ್ಷಣಕ್ಷಣಕ್ಕೂ ಹೇಳಿಕಳಿಸಲು ಆಗದು. ಅದಕ್ಕೆ ಅವರು ಹೂಡಿದ ಉಪಾಯ: ಯುದ್ಧವನ್ನು ಕಳಿಸಲೇಬೇಡಿ, ಆಜ್ಞೆಯನ್ನಷ್ಟೇ ಕಳಿಸಿ. ಎಂಟು ಜನರ ಕಂಪ್ಯೂಟರಿನಲ್ಲೂ ಇಡೀ ಯುದ್ಧ ಪ್ರತ್ಯೇಕವಾಗಿ ನಡೆಯುತ್ತದೆ. ನಾನು ‘ಈ ಹತ್ತು ಜನ ಆ ಕಡೆ ಹೋಗಲಿ’ ಎಂದರೆ ಆ ಮಾತು ಮಾತ್ರ ಎಲ್ಲ ಮನೆಗೂ ಹೋಗುತ್ತದೆ. ಹೋದ ತಕ್ಷಣ ಜಾರಿಯಾಗುವುದಿಲ್ಲ. ಆಟದ ಕಾಲವನ್ನು ಸೆಕೆಂಡಿನ ಐದನೆಯ ಒಂದು ಭಾಗದಷ್ಟು ಸರದಿಗಳಾಗಿ ಹೆಚ್ಚಿಟ್ಟಿದ್ದಾರೆ. ಈ ಸರದಿಯ ಆಜ್ಞೆ ಎರಡು ಸರದಿ ದಾಟಿ ಎಲ್ಲ ಮನೆಯಲ್ಲೂ ಒಟ್ಟಿಗೆ ನಡೆಯುತ್ತದೆ.

ಎಂಟೂ ಯುದ್ಧಗಳು ಕೂದಲೆಳೆಯಷ್ಟೂ ಬೇರೆಯಾಗಬಾರದು. ಬೇರೆಯಾದರೆ ಏನಾಗುತ್ತದೆ ಎಂಬುದಕ್ಕೆ ಆ ಪ್ರಬಂಧದಲ್ಲೊಂದು ಜಿಂಕೆಯ ಪ್ರಸಂಗವಿದೆ. ಮ್ಯಾಪ್ ತಯಾರಾಗುವಾಗ ಒಬ್ಬನ ಕಂಪ್ಯೂಟರಿನಲ್ಲಿ ಜಿಂಕೆಯೊಂದು ಸ್ವಲ್ಪವೇ ಸ್ವಲ್ಪ ಓರೆಯಾಗಿ ನಿಂತಿತು ಅನ್ನಿ. ಅದು ಮೇಯುತ್ತಾ ಬೇರೆ ಕಡೆ ತಿರುಗುತ್ತದೆ. ಕೆಲವು ನಿಮಿಷಗಳ ನಂತರ ಬೇಟೆಗೆ ಹೋದ ಹಳ್ಳಿಗನ ಈಟಿ ಒಂದು ಕಂಪ್ಯೂಟರಿನಲ್ಲಿ ತಗಲುತ್ತದೆ, ಇನ್ನೊಂದರಲ್ಲಿ ಗುರಿ ತಪ್ಪುತ್ತದೆ. ಒಂದು ಮನೆಯಲ್ಲಿ ಮಾಂಸದೂಟ, ಇನ್ನೊಂದರಲ್ಲಿ ಉಪವಾಸ. ಅಲ್ಲಿಗೆ ಎಂಟು ಲೋಕಗಳು ಅಗಲಿದವು. ಔಟ್ ಆಫ್ ಸಿಂಕ್ ಎಂದು ಬರೆದು ಆಟ ನಿಂತುಹೋಗುತ್ತದೆ. ಒಂದು ಜಿಂಕೆಯ ಕಾಲು ಸಾಮ್ರಾಜ್ಯಗಳನ್ನೇ ಕೆಡವಿದ್ದನ್ನು ರಾಮಾಯಣ ಬಲ್ಲವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಇನ್ನೊಂದು ತಮಾಷೆ. ಎಲ್ಲರ ಕಂಪ್ಯೂಟರಿನಲ್ಲೂ ಇಡೀ ಯುದ್ಧ ನಡೆಯುತ್ತಿರುವುದರಿಂದ ಶತ್ರುವಿನ ಕೋಟೆ ಎಲ್ಲಿದೆ, ಎಷ್ಟು ಆನೆ ಇವೆ ಎಂಬುದೆಲ್ಲ ನನ್ನ ಮೇಜಿನ ಮೇಲಿರುವ ಡಬ್ಬಕ್ಕೆ ಗೊತ್ತು. ನನಗೆ ಹೇಳುವುದಿಲ್ಲ ಅಷ್ಟೇ. ಕತ್ತಲೆಯ ಪರದೆ ಎಳೆದು ಸುಮ್ಮನಿರುತ್ತದೆ. ಮ್ಯಾಪ್ ಹ್ಯಾಕ್ ಎಂಬ ಕಳ್ಳದಾರಿ ಹಿಡಿದವರು ಮಾಡುವುದು ಈ ಡಬ್ಬದ ಬಾಯಿ ಬಿಡಿಸುವ ಕೆಲಸ.

ಇಷ್ಟೆಲ್ಲ ಓದಿದ ಮೇಲೆ ನನಗೆ ಹಿಡಿಸಿದ್ದು ಒಂದು ನಿಯಮ. ಎಲ್ಲರೂ ಒಂದೇ ಸರದಿಯಲ್ಲಿರಬೇಕಾದ್ದರಿಂದ ಈ ಯುದ್ಧ ನಡೆಯುವುದು ಅತ್ಯಂತ ನಿಧಾನದ ಕಂಪ್ಯೂಟರಿನ ವೇಗದಲ್ಲಿ. ಏಳು ಜನರ ಹತ್ತಿರ ಹೊಸ ಯಂತ್ರವಿದ್ದು ಎಂಟನೆಯವನು ಅಣ್ಣನ ಹಳೇ ಲ್ಯಾಪ್‌ಟಾಪ್‌ನಲ್ಲಿ ಕೂತಿದ್ದರೆ, ಏಳು ಜನರ ಕುದುರೆಗಳೂ ಎಂಟನೆಯವನಿಗಾಗಿ ಹೆಜ್ಜೆ ಸಣ್ಣದು ಮಾಡುತ್ತವೆ. ಕಡಿದು ಹಾಕಲು ಹೊರಟ ಶತ್ರುವಿಗಾಗಿ ಸೈನ್ಯವೇ ತಡೆದು ನಿಲ್ಲುವ ಯುದ್ಧನೀತಿ ಕೌಟಿಲ್ಯನಿಗೂ ಹೊಳೆದಿರಲಾರದು. ಪಾಜ್ ಒತ್ತಿದರೂ ಅಷ್ಟೇ. ಒಬ್ಬರು ಒತ್ತಿದರೆ ಎಲ್ಲರದೂ ನಿಲ್ಲುತ್ತದೆ. ಹುಬ್ಬಳ್ಳಿಯಲ್ಲಿ ಕುಕ್ಕರ್ ಮೂರನೆಯ ಸೀಟಿ ಹಾಕಿದ್ದಕ್ಕೆ ಡಲ್ಲಾಸ್‌ನ ಬಾಣಗಳು ಆಕಾಶದಲ್ಲೇ ನಿಂತಿರುತ್ತವೆ. ‘ಗ್ಯಾಸ್ ಬಂದ್ ಮಾಡಿ ಬಂದೆ’ ಎಂದ ಮೇಲೆ ಬಾಣ ಮುಂದಕ್ಕೆ ಹೋಗಿ ಅವನಿಗೇ ನಾಟುತ್ತದೆ.

ಮಾತಿನ ಬಗ್ಗೆ ಹೇಳದಿದ್ದರೆ ಅಪೂರ್ಣ. ಕತ್ತಿ ಹಿಡಿದ ಕೈಗೆ ಟೈಪ್ ಮಾಡಲು ಪುರುಸೊತ್ತಿರುವುದಿಲ್ಲವೆಂದು ಆಟದಲ್ಲಿ ಸಂಖ್ಯೆಗಳಿಗೆ ಮಾತುಗಳನ್ನು ಕಟ್ಟಿದ್ದಾರೆ. 3 ಒತ್ತಿದರೆ ಆಹಾರ ಕೊಡಿ, 4 ಒತ್ತಿದರೆ ಮರ ಕೊಡಿ. 11 ಒತ್ತಿದರೆ ಗಹಗಹಿಸಿ ನಗು. ಈ ಆಟದವರು ಬೇರೆ ಕಡೆ ಹರಟುವಾಗಲೂ ನಗು ಬಂದರೆ 11 ಎಂದೇ ಬರೆಯುತ್ತಾರೆ. 13 ಎಂದರೆ ಆಯ್ತು, ಇಂಟರ್ನೆಟ್ ಕಂಪನಿಯ ಮೇಲೆ ಹಾಕು ಎಂಬ ಮೂದಲಿಕೆ. 14 ಹೋಸ್ಟ್ ಮಾಡುವವರಿಗೆಂದೇ ಇಟ್ಟದ್ದು: ಬೇಗ ಶುರು ಮಾಡೋ ಮಾರಾಯಾ ಎಂಬ ಅರ್ಥದ ಕೂಗು. ಲಾಬಿಯಲ್ಲಿ ಏಳು ಕಡೆಯಿಂದ 14 ಬೀಳತೊಡಗಿದಾಗ ಹೋಸ್ಟ್ ಆದವನಿಗೆ ರಾಜ್ಯ ಬಿಟ್ಟು ಕಾಡಿಗೆ ಹೋಗುವ ಮನಸ್ಸಾಗುತ್ತದೆ.

ಪರಿಚಯವಿಲ್ಲದವರ ಲಾಬಿಗೆ ಹೋಗಿ ಸೇರುವುದು ಇನ್ನೊಂದು ಅನುಭವ. ಅಲ್ಲಿ ನಮ್ಮ ವಯಸ್ಸು, ಕೆಲಸ, ಗೃಹಸಾಲ ಯಾವುದೂ ಲೆಕ್ಕಕ್ಕಿಲ್ಲ. ರೇಟಿಂಗ್ ಕಮ್ಮಿಯಿದ್ದರೆ ನಮಸ್ಕಾರ ಎನ್ನುವಷ್ಟರಲ್ಲಿ ಹೊರಗೆ ಹಾಕಿರುತ್ತಾರೆ. ಪಿಂಗ್, ಅಂದರೆ ನಮ್ಮ ಇಂಟರ್ನೆಟ್ಟಿನ ತಡ, ಕೆಂಪಾಗಿದ್ದರೆ ಆ ಮರ್ಯಾದೆಯೂ ಇಲ್ಲ. ಒಳಗೆ ಬಿಟ್ಟರೆ ಆಟದ ಮುಂಚೆ ‘ಜಿಎಲ್’ (ಗುಡ್ ಲಕ್), ಮುಗಿದ ಮೇಲೆ ‘ಜಿಜಿ’ (ಗುಡ್ ಗೇಮ್) ಎನ್ನುವ ಶಿಷ್ಟಾಚಾರವನ್ನು ಪಾಲಿಸಬೇಕು. ನನ್ನ ಊರನ್ನು ಸುಟ್ಟು ಬೂದಿ ಮಾಡಿದವನಿಗೆ ಆಟ ಚೆನ್ನಾಗಿತ್ತು ಎಂದು ಬರೆದು ಎದ್ದುಬರುವ ಸೌಜನ್ಯವನ್ನು ನನಗೆ ಕಲಿಸಿದ್ದು ಯಾವ ನೀತಿಪಾಠವೂ ಅಲ್ಲ, ಇದೇ. ಇಟ್ಟುಕೊಂಡ ಹೆಸರಿನಿಂದ ಯಾರನ್ನೂ ಅಳೆಯಬಾರದೆಂಬುದೂ ಅಲ್ಲೇ ತಿಳಿಯುವುದು. ಇಮ್ಮಡಿ ಪುಲಕೇಶಿ ಎಂದು ಹೆಸರಿಟ್ಟುಕೊಂಡವರು ಹತ್ತೇ ನಿಮಿಷದಲ್ಲಿ ಶರಣಾಗುತ್ತಾರೆ. ಕಡ್ಲೆಪುರಿ ಎಂದಿಟ್ಟುಕೊಂಡವರ ತಂಟೆಗೆ ಹೋಗಬಾರದು.

2022ರಲ್ಲಿ ‘ಡೈನಾಸ್ಟೀಸ್ ಆಫ್ ಇಂಡಿಯಾ’ ಬಂದು, ಬಂಗಾಳಿ, ಗುರ್ಜರರ ಜೊತೆಗೆ ದ್ರಾವಿಡರೂ ಆಟದೊಳಗೆ ಬಂದರು. ಉರುಮಿ ಬೀಸುವ ಕತ್ತಿಯಾಳುಗಳಿದ್ದಾರೆ, ರಾಜೇಂದ್ರ ಚೋಳನ ಕಥೆಯಿದೆ. ಅಂದಿನಿಂದ ನಮ್ಮ ಲಾಬಿಯಲ್ಲಿ ಎಂಟರಲ್ಲಿ ಆರು ಜನ ದ್ರಾವಿಡರು. ಚಾಲುಕ್ಯರ ಸೀಮೆಯವನಾದ ಹುಬ್ಬಳ್ಳಿಯ ಗೆಳೆಯ ಮಾತ್ರ ಚೋಳರ ಪರವಾಗಿ ಕತ್ತಿ ಹಿಡಿಯುವುದಿಲ್ಲವೆಂದು ಹಟ ಹಿಡಿದು ಮಂಗೋಲನಾಗಿದ್ದಾನೆ. ಸಾವಿರ ವರ್ಷದ ಹಿಂದಿನ ಹಗೆ ಅವನಿಗೆ ಚೆನ್ನಾಗಿ ನೆನಪಿದೆ. ಹೋದ ತಿಂಗಳು ಎರವಲು ಪಡೆದ ಹೆಡ್‌ಫೋನ್ ನೆನಪಿಲ್ಲ.

ಇಷ್ಟು ಕಾಟವಿದ್ದೂ ಯಾಕೆ ಹೋಸ್ಟ್ ಮಾಡುತ್ತೀರಿ ಎಂದು ಕೇಳಬಹುದು. ಗೆಲ್ಲುವ ಆಸೆಗಂತೂ ಅಲ್ಲ. ಎಲ್ಲರಿಗೂ ಲಿಂಕ್ ಕಳಿಸಿ, ಫೋನು ಮಾಡಿ, ಜಗಳ ಬಿಡಿಸಿ ಸುಸ್ತಾದವನು ಮೊದಲ ಅರ್ಧ ಗಂಟೆಯಲ್ಲೇ ಸೋಲುತ್ತಾನೆ. ಸುಮ್ಮನೆ ಫೋನು ಮಾಡಿ ಹೇಗಿದ್ದೀರಿ ಎಂದು ಕೇಳಿದರೆ ಈ ಏಳು ಜನರೂ ‘ಆರಾಮ್’ ಎಂದು ಎರಡು ನಿಮಿಷಕ್ಕೆ ಇಟ್ಟುಬಿಡುತ್ತಾರೆ. ಲಾಬಿಯಲ್ಲಿ ಎಂಟನೆಯವನಿಗಾಗಿ ಕಾಯುವಾಗ ಮಾತ್ರ ಅಪ್ಪನ ಮಂಡಿ ನೋವು, ಮಗಳ ಸಿಇಟಿ ರ್‍ಯಾಂಕು, ಹೊಸ ಮ್ಯಾನೇಜರಿನ ಕಿರುಕುಳ ಎಲ್ಲ ಒಂದೊಂದಾಗಿ ಹೊರಬರುತ್ತವೆ. ಆಟ ಶುರುವಾದ ಮೇಲೆ ಯಾರಿಗೂ ಮಾತಾಡಲು ಬಿಡುವಿಲ್ಲ. ಹಾಗಾಗಿ ತಡವಾಗಿ ಬರುವ ಗೆಳೆಯನನ್ನು ನಾನು ಬಯ್ಯುವುದೇನೋ ಬಯ್ಯುತ್ತೇನೆ, ಲಾಬಿಯಿಂದ ಕಿಕ್ ಮಾತ್ರ ಮಾಡಿಲ್ಲ.

ಈ ದೊಡ್ಡತನವೆಲ್ಲ ಹೋಸ್ಟ್ ಕುರ್ಚಿಯಲ್ಲಿ ಕೂತಾಗ ಮಾತ್ರ ಅನ್ನಿ. ಮುಂದಿನ ಶನಿವಾರ ಹೋಸ್ಟ್ ಮಾಡುವ ಸರದಿ ಡಾಕ್ಟರದು. ಕಾಯಿಸಿದರೆ ಒತ್ತಲು ನನ್ನ ಹತ್ತಿರವೂ 14 ಇದೆ.