ಸದರಿ ಆಸಾಮಿಯ ಅಹವಾಲು

ಗಣೇಶ ಕೂರುವ ಮುಂಚೆ, ಎಲೆಕ್ಷನ್ ಬರುವ ಮುಂಚೆ, ಮಂತ್ರಿಗಳ ಕಾರು ಊರು ಮುಟ್ಟುವ ಮುಂಚೆ ನಮ್ಮ ಪೊಲೀಸರಿಗೆ ದಿವ್ಯದೃಷ್ಟಿ ಬರುತ್ತದೆ. ಆದ ಕಳ್ಳತನದ ಕಳ್ಳ ವರ್ಷಗಟ್ಟಲೆ ಸಿಗದಿರಬಹುದು. ಆಗದ ಗಲಾಟೆಯ ಆರೋಪಿ ಮಾತ್ರ ಮನೆ ನಂಬರ್ ಸಮೇತ ಸಿಗುತ್ತಾನೆ. ಕೂಸು ಹುಟ್ಟುವ ಮುನ್ನ ಕುಲಾವಿ ಎಂದು ನಾವು ಗಾದೆ ಕಟ್ಟಿ ನಕ್ಕೆವು. ಇಲಾಖೆ ಅದನ್ನೇ ‘ಮುಂಜಾಗ್ರತಾ ಕ್ರಮ’ ಎಂದು ಫೈಲು ಮಾಡಿತು.

ಕಾನೂನನ್ನು ದೂರಬೇಡಿ, ಅದು ಮರ್ಯಾದಸ್ಥ. ಶಾಂತಿಭಂಗದ ಭಯವಿದ್ದರೆ ದಂಡಾಧಿಕಾರಿ ತನಗೆ ಬಂದ ಮಾಹಿತಿಯ ಸಾರಾಂಶವನ್ನು ಬರಹದಲ್ಲಿ ಕೊಡಬೇಕು, ಎದುರಿಗಿದ್ದವನಿಗೆ ಓದಿ ಹೇಳಬೇಕು, ವಿಚಾರಣೆ ನಡೆಸಬೇಕು, ಅಗತ್ಯ ರುಜುವಾತಾದರೆ ಮಾತ್ರ ಮುಚ್ಚಳಿಕೆ ಬರೆಸಬೇಕು. ವಿಚಾರಣೆ ಶುರುವಾಗದೆ ಮಧ್ಯಂತರ ಮುಚ್ಚಳಿಕೆಯನ್ನೂ ಕೇಳುವಂತಿಲ್ಲವೆಂದು ಸುಪ್ರೀಂ ಕೋರ್ಟ್ 1970ರಲ್ಲೇ, ಮಧು ಲಿಮಯೆ ಪ್ರಕರಣದಲ್ಲಿ ಹೇಳಿದೆ. ಆದರೆ ಕಮಿಷನರೇಟ್ ಇರುವ ನಗರಗಳಲ್ಲಿ ದಂಡಾಧಿಕಾರಿಯ ಕುರ್ಚಿಯಲ್ಲೂ ಪೊಲೀಸ್ ಅಧಿಕಾರಿಯೇ. ಠಾಣೆಯ ಖಾಕಿ ವರದಿ ಬರೆಯುತ್ತದೆ, ಮೇಲಿನ ಖಾಕಿ ಅದನ್ನು ನಂಬುತ್ತದೆ. ಅಲ್ಲಿ ನಡೆಯುವ ವಿಚಾರಣೆ ಹೀಗಿರುತ್ತದೆ:

“ಏನಪ್ಪಾ, ಗಲಾಟೆ ಮಾಡಲ್ಲ ಅಂತ ಬರ್ಕೊಡ್ತೀಯಾ?”

“ನಾನು ಮಾಡೇ ಇಲ್ವಲ್ಲ ಸಾರ್.”

“ಮತ್ತೆ ಬರ್ಕೊಡೋಕೇನು ಕಷ್ಟ?”

ಈ ತರ್ಕಕ್ಕೆ ಯಾವ ವಕೀಲನ ಬಳಿಯೂ ಉತ್ತರವಿಲ್ಲ. ಬರೆದುಕೊಟ್ಟರೆ ಗಲಾಟೆಕೋರನೆಂದು ಒಪ್ಪಿದಂತೆ; ಒಲ್ಲೆನೆಂದರೆ ಗಲಾಟೆಯ ಉದ್ದೇಶ ಸಾಬೀತಾದಂತೆ. “ಸದರಿ ಆಸಾಮಿಯನ್ನು ಹೀಗೆಯೇ ಬಿಟ್ಟಲ್ಲಿ ಸಾರ್ವಜನಿಕ ಶಾಂತಿಗೆ ಭಂಗವುಂಟಾಗುವ ಸಂಭವವಿರುತ್ತದೆ” ಎಂಬ ವಾಕ್ಯ ಮೊದಲೇ ಅಚ್ಚಾಗಿರುತ್ತದೆ. ಹೆಸರಿನ ಜಾಗ ತುಂಬಿದರೆ ಸಾಕು. ಇನ್ನು ಜಾಮೀನುದಾರರನ್ನು ಹುಡುಕಿ, ಆಧಾರ್ ಜೆರಾಕ್ಸ್, ಪಹಣಿ ಹಿಡಿದು ಬಾಗಿಲಲ್ಲಿ ನಿಲ್ಲುವುದಷ್ಟೇ ಆಸಾಮಿಯ ಕೆಲಸ.

ಒಬ್ಬೊಬ್ಬರನ್ನೇ ಕರೆಸುವುದು ತ್ರಾಸವೆನಿಸಿದರೆ ಇಡೀ ಊರನ್ನೇ ಒಟ್ಟಿಗೆ ಶಂಕಿಸಬಹುದು. 2019ರ ಡಿಸೆಂಬರ್ 19ರಿಂದ ಬೆಂಗಳೂರಿಗೆ ಮೂರು ದಿನ ಗುಂಪುಗೂಡುವುದನ್ನು ನಿಷೇಧಿಸುವ 144ನೇ ಸೆಕ್ಷನ್ ಬಿತ್ತು. ಪೌರತ್ವ ತಿದ್ದುಪಡಿ ಕಾಯ್ದೆಯ ವಿರುದ್ಧದ ಪ್ರತಿಭಟನೆಗಳಿಗೆ ಕೊಟ್ಟಿದ್ದ ಅನುಮತಿಗಳೂ ಅದರಲ್ಲೇ ಕೊಚ್ಚಿಹೋದವು. ಟೌನ್ ಹಾಲ್ ಮುಂದೆ ಇತಿಹಾಸಕಾರ ರಾಮಚಂದ್ರ ಗುಹಾ ಟಿವಿ ಮೈಕಿಗೆ ಮಾತಾಡುತ್ತಿದ್ದಂತೆಯೇ ಪೊಲೀಸರು ಅವರನ್ನು ಎಳೆದೊಯ್ದರು. ಅಹವಾಲು ಹೇಳಿಕೊಳ್ಳುವ ಹಕ್ಕು ಅರ್ಧ ವಾಕ್ಯಕ್ಕೆ ಮುಗಿಯಿತು. 2020ರ ಫೆಬ್ರುವರಿ 13ರಂದು ಹೈಕೋರ್ಟ್ ಆ ಆದೇಶವೇ ಕಾನೂನುಬಾಹಿರವೆಂದಿತು: ಡಿಸಿಪಿಗಳ ವರದಿಯಿತ್ತು, ಆದೇಶ ಹೊರಡಿಸಿದವರ ಸ್ವಂತ ಕಾರಣವಿರಲಿಲ್ಲ. ಮೂರು ದಿನದ ತಪ್ಪು ತಪ್ಪೆಂದು ತಿಳಿಯಲು ಸುಮಾರು ಎಂಟು ವಾರ ಬೇಕಾಯಿತು.

2024ರ ಜುಲೈ 1ರಿಂದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಹೊಸ ಸಂಹಿತೆ ಬಂತು. ವಸಾಹತುಶಾಹಿಯ ವಾಸನೆ ಹೋಯಿತೆಂದರು. ಹೌದು, ಮುಚ್ಚಳಿಕೆ ಬರೆಸುವ 107ನೇ ಸೆಕ್ಷನ್ ಹೋಗಿ 126 ಆಯಿತು, 144 ಹೋಗಿ 163 ಆಯಿತು. ಜೊತೆಗೆ, ಪೊಲೀಸರ ಕಾನೂನುಬದ್ಧ ಸೂಚನೆ ಕೇಳದವರನ್ನು ಹಿಡಿದಿಡಲು 172 ಎಂಬ ಹೊಸ ಸೆಕ್ಷನ್ನೂ ಸಿಕ್ಕಿತು. ಪೊಲೀಸರು ಹೇಳಿದ್ದನ್ನು ಜನ ಕೇಳಲೇಬೇಕು. ಜನ ಹೇಳಿದ್ದನ್ನು ಪೊಲೀಸರು ಕೇಳಲು ಹೊಸ ಸೆಕ್ಷನ್ ಕಾಣಲಿಲ್ಲ.

ನನ್ನದೊಂದು ಸಲಹೆ. ಕಾರಣ ಬರೆಯದೆ ಆದೇಶ ಹೊರಡಿಸಿದ ಅಧಿಕಾರಿಯನ್ನು ಹೀಗೆಯೇ ಬಿಟ್ಟಲ್ಲಿ ಮತ್ತೆ ಸಂವಿಧಾನಭಂಗ ಮಾಡುವ ಸಂಭವವಿರುತ್ತದೆ. ಆದ್ದರಿಂದ ಸದರಿಯವರಿಂದ ಇಬ್ಬರು ಜಾಮೀನುದಾರರ ಸಹಿತ ಒಂದು ವರ್ಷದ ಮುಚ್ಚಳಿಕೆ ಬರೆಸಿಕೊಳ್ಳಬೇಕು. ಅದಕ್ಕೂ ಮುನ್ನ ಅವರ ಅಹವಾಲನ್ನು ಪೂರ್ತಿ ಕೇಳಬೇಕು. ಅಷ್ಟಾದರೂ ವ್ಯತ್ಯಾಸ ಇರಲಿ.