ಕಾಲವನ್ನು ತಿದ್ದುವ ಪಂಡಿತರು: ಒಂದು ಸಂದರ್ಶನ

ಬರೆದ ಅಕ್ಷರದ ಬಲದಿಂದ ಕಾಲಗತಿಯನ್ನೇ ಹಿಂದುಮುಂದಾಗಿಸುವ ಮಾಂತ್ರಿಕ ವಿದ್ವಾಂಸನನ್ನು ಅದ್ಭುತಕಥೆಗಳಲ್ಲಿ ಅರಸಿ ಬಳಲುವ ವಾಚಕರಿಗೆ, ಅಂಥ ಮಹನೀಯರೊಬ್ಬರು ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಕಚೇರಿಯ ಬೀರುಗಳಲ್ಲಿಯೇ ಲಾಡಿ ಕಟ್ಟಿಸಿಕೊಂಡು ವಿರಾಜಮಾನರಾಗಿರುವರೆಂದು ಅರಿಕೆ ಮಾಡುವುದು ನನ್ನ ಧರ್ಮವಾಗಿದೆ. ಅವರೇ ಅರಣ್ಯ ಹಕ್ಕು ಅರ್ಜಿಯ ಕಡತ. ‘ದಾಖಲೆ ಸಾಲದು’ ಎಂಬ ಷರಾ ಹೊತ್ತ ಅರ್ಜಿಗಳ ವಿಷಯವಾಗಿ ಅವರನ್ನೇ ಕೇಳಿಬಿಡೋಣವೆಂದು ಹೋದಾಗ ನಡೆದ ಸಂಭಾಷಣೆಯಿದು.

ಪ್ರಶ್ನೆ: ಪಂಡಿತರೇ, ಕಾಲವನ್ನು ಬದಲಿಸುವ ಈ ವಿದ್ಯೆ ತಮಗೆ ಎಲ್ಲಿಂದ ಸಿದ್ಧಿಸಿತು?

ಕಡತ: ಮೊದಲು ನನ್ನ ವಂಶವನ್ನು ಕೇಳಿರಿ. ಬಟ್ಟೆಗೆ ಹುಣಸೆಬೀಜದ ಅಂಟನ್ನೂ ಇದ್ದಿಲ ಪುಡಿಯನ್ನೂ ಬಳಿದು, ಮಡಿಕೆ ಮಡಿಕೆಯಾಗಿ ಮಡಚಿ, ಬಳಪದಿಂದ ಬರೆಯುತ್ತಿದ್ದ ಕರಿಯ ಕಡತಗಳು ನಮ್ಮ ಪೂರ್ವಿಕರು. ಬರೆದುದು ಬೇಡವೆನಿಸಿದರೆ ಒರೆಸಿ ಮತ್ತೆ ಬರೆಯಬಹುದಾಗಿತ್ತು. ನನ್ನ ಗತಿಯನ್ನಾದರೋ ನೋಡಿರಿ! ಆಷಾಢ ಬಂದೊಡನೆ ಬೂಷ್ಟು ಹಿಡಿಯುವ ಕಾಗದ, ತುಕ್ಕು ಕಾರುವ ಪಿನ್ನು, ಕೆಳಗಿನಿಂದ ಏರಿಬರುವ ಗೆದ್ದಲು.

ಪ್ರಶ್ನೆ: ಒರೆಸಿ ಬರೆಯುವ ಕುಲವಿದ್ಯೆಯನ್ನು ತಾವು ಮರೆತಿಲ್ಲವೆಂದು ಜನ ಆಡಿಕೊಳ್ಳುತ್ತಾರೆ.

ಕಡತ: ಅದು ದಿನಾಂಕಗಳ ಮಹಿಮೆ. ಕಾಡಿನಂಚಿನಲ್ಲಿ 27-4-1978ಕ್ಕೆ ಮುಂಚೆ ಗದ್ದೆ ಮಾಡಿಕೊಂಡವನ ಅರ್ಜಿ ಸಕ್ರಮದ ದಾರಿ ಹಿಡಿಯಿತು. ಆಮೇಲೆ ಮಾಡಿಕೊಂಡವನು ಬರಿಯ ಅತಿಕ್ರಮಣದಾರನಾಗಿ ಉಳಿದ. 2006ರ ಅರಣ್ಯ ಹಕ್ಕು ಕಾಯ್ದೆಯಂತೂ ಮಹಾಮಂತ್ರ. ಪರಿಶಿಷ್ಟ ಪಂಗಡಕ್ಕೆ ಸೇರದ ಪಾರಂಪರಿಕ ಅರಣ್ಯವಾಸಿಯು 13-12-2005ರಿಂದ ಹಿಂದಕ್ಕೆ, ತಲೆಮಾರಿಗೆ 25 ವರ್ಷದಂತೆ, ಮೂರು ತಲೆಮಾರಿನ ವಾಸವನ್ನು ತೋರಿಸಬೇಕು. ಎಣಿಸಿದರೆ 1930ರ ಡಿಸೆಂಬರಿಗೆ ಹೋಗಿ ನಿಲ್ಲುತ್ತಾನೆ. ಯಲ್ಲಾಪುರದ ಕಡೆಗೆ ಇದರ ಸೊಗಸು ಬೇರೆ: 2003ರಲ್ಲಿ ಪರಿಶಿಷ್ಟ ಪಂಗಡವೆನಿಸಿದ ಸಿದ್ದಿಯು 2005ರಲ್ಲಿ ಅಲ್ಲಿದ್ದರೆ ಸಾಕು, ಬೇಲಿಯಾಚೆಯ ಗೌಳಿಯು 1930ಕ್ಕೆ ನಡೆದುಹೋಗಬೇಕು. ಬೇಲಿಯೊಂದೇ, ಕಾಲ ಎರಡು!

ಪ್ರಶ್ನೆ: ಕಾಲವನ್ನಳೆಯಲು ನನ್ನಲ್ಲೊಂದು ಸುಲಭೋಪಾಯವಿದೆ. ಹಳ್ಳದಂಚಿನ ಅಪ್ಪೆಮಾವಿನ ಮರವನ್ನು ತಾವು ಬಲ್ಲಿರಷ್ಟೆ? ಮಿಡಿ ನೆಲಕ್ಕೆ ಬಿದ್ದು ಜಜ್ಜಿಹೋಗದಂತೆ, ತೊಟ್ಟು ಕಳಚಿ ಸೊನೆ ಸೋರಿಹೋಗದಂತೆ, ಕೊಯ್ದದ್ದನ್ನು ಬುಟ್ಟಿಗೆ ಹಾಕಿ ಹಗ್ಗದಿಂದ ಇಳಿಸಬೇಕು. ಆ ಸೊನೆಯೇ ಉಪ್ಪಿನಕಾಯಿಯ ಪ್ರಾಣ. ಯಾವ ಕೊಂಬೆಗೆ ಹಗ್ಗ ಹಾಕಬೇಕೆಂಬುದನ್ನು ಅಜ್ಜನಿಂದ ಕಲಿತ ಮನೆಯವರನ್ನು ನಿನ್ನೆ ಬಂದವರೆನ್ನಬಹುದೇ? ಜೀರಿಗೆ ಪರಿಮಳದ ಮಿಡಿಯಾದರಂತೂ...

ಕಡತ: ಮರಕ್ಕೆ ಮೊಹರು ಇಲ್ಲ. ಗೆದ್ದಲಿನ ವಿಷಯ ಹೇಳುತ್ತಿದ್ದೆ: ಅದಕ್ಕೆ ಅರ್ಜಿದಾರನೂ ಒಂದೇ, ಅಧಿಕಾರಿಯೂ ಒಂದೇ; ಹಿಂಬರಹವನ್ನು ತಿಂದು ಲಾಡಿಯನ್ನು ಬಿಡುತ್ತದೆ.

ಪ್ರಶ್ನೆ: ಮೊಹರು ಬೇಡವೆಂದು ಅರಣ್ಯ ಹಕ್ಕು ಕಾಯ್ದೆಯ ನಿಯಮವೇ ಹೇಳುತ್ತದೆ. ಮನೆ, ಬಾವಿ, ಏರಿ, ಸ್ಮಶಾನ, ದೇವರ ನೆಲೆ, ಹಿರಿಯರು ಹೇಳಿ ಬರೆಸಿದ ಹೇಳಿಕೆ ಇವೆಲ್ಲ ಸಾಕ್ಷ್ಯವೆಂದು 13ನೇ ನಿಯಮದಲ್ಲಿದೆ. ಇಂಥದೇ ದಾಖಲೆ ಬೇಕೆಂದು ಅರ್ಜಿ ಪರಿಶೀಲಿಸುವ ಸಮಿತಿಗಳು ಹಟ ಹಿಡಿಯಕೂಡದೆಂದು 2012ರ ತಿದ್ದುಪಡಿಯೂ ವಿಧಿಸಿದೆ.

ಕಡತ: ಆ ಪುಟವೇ? ಬೂಷ್ಟು ಹಿಡಿದು ಪಕ್ಕದ ಪುಟಕ್ಕೆ ಅಂಟಿಕೊಂಡಿದೆ. ಬಿಡಿಸಹೋದರೆ ಹರಿದೀತು.

ಇಷ್ಟರವರೆಗೆ ನಗುತ್ತಿದ್ದವನಿಗೆ ಇಲ್ಲಿ ನಗು ಬರಲಿಲ್ಲ. ತಾವು ಬೆರಳಿಟ್ಟು ತೋರಿಸುವ ಆ 1930 ಎಂಥ ವರ್ಷವೆಂಬುದು ತಮಗೆ ಗೊತ್ತಿಲ್ಲವೇ, ಪಂಡಿತರೇ? ಆಗ ಶಿರಸಿ, ಸಿದ್ದಾಪುರಗಳ ಈ ಜಿಲ್ಲೆ ಮುಂಬಯಿ ಇಲಾಖೆಯಲ್ಲಿತ್ತು. ಅಂಕೋಲೆಯಲ್ಲಿ ಉಪ್ಪಿನ ಸತ್ಯಾಗ್ರಹ ನಡೆದ ವರ್ಷವದು. ಅದರ ಬೆನ್ನಿಗೇ ಸಿದ್ದಾಪುರ, ಅಂಕೋಲೆಗಳ ರೈತರು ಪರಕೀಯ ಸರ್ಕಾರಕ್ಕೆ ಕಂದಾಯ ಕೊಡೆವೆಂದು ನಿಂತು, ಜಮೀನು ಮುಟ್ಟುಗೋಲಾಗಿ ಹರಾಜಾಗುವುದನ್ನು ಕಣ್ಣಾರೆ ಕಂಡರು. ಹರಾಜಿನಲ್ಲಿ ಅದನ್ನು ಕೊಂಡವರ ಬಾಗಿಲಲ್ಲಿ, ಮಾವಿನಗುಂಡಿಯಲ್ಲಿ, ಹೆಣ್ಣುಮಕ್ಕಳು ಉಪವಾಸ ಕೂತರು. ಕಂದಾಯದ ಪಾವತಿ ಇಲ್ಲದಿರುವುದೇ ಆ ಮನೆತನಗಳ ಕೀರ್ತಿ. ಕರನಿರಾಕರಣೆಯ ನಾಡಿನಲ್ಲಿ ನಿಂತು, ಆ ಕಾಲದ ಪಾವತಿಯನ್ನು ಸ್ವತಂತ್ರ ದೇಶದ ಕಚೇರಿಯೊಂದು ಕೇಳುವುದು ಅಪಮಾನ. ಭೂಮಿಯಿದ್ದವರ ಪಾಡೇ ಹೀಗಾದರೆ, ಅವರ ತೋಟಕ್ಕೆ ಸೊಪ್ಪು ಹೊತ್ತು, ಬೆಟ್ಟದ ಬದಿಯಲ್ಲಿ ಗುಡಿಸಲು ಹಾಕಿಕೊಂಡ ಕೂಲಿಯವನ ಹೆಸರನ್ನು ಆಗ ಬರೆದಿಟ್ಟವರು ಯಾರು? ಬರೆಯದೆ ಬಿಟ್ಟ ತಪ್ಪು ಸರ್ಕಾರದ್ದು, ಶಿಕ್ಷೆ ಅವನ ಮೊಮ್ಮಗನಿಗೆ! ಕಾಡು ಉಳಿಯಬೇಕೆಂಬುದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಬೆಟ್ಟವನ್ನು ಬೋಳಿಸಿ ನಿನ್ನೆ ಬೇಲಿ ಹಾಕಿದವನನ್ನೂ, ಮೂರು ತಲೆಮಾರಿನಿಂದ ಅಲ್ಲಿಯೇ ಗಂಜಿ ಬೇಯಿಸಿಕೊಂಡವನನ್ನೂ ಒಂದೇ ಲಾಡಿಯಲ್ಲಿ ಕಟ್ಟಿದರೆ ಕಾಡೂ ಉಳಿಯದು, ನ್ಯಾಯವೂ ಉಳಿಯದು. ಗ್ರಾಮಸಭೆ ಸ್ಥಳಕ್ಕೆ ಹೋಗಿ ಬಾವಿಯನ್ನು ನೋಡಲಿ, ಹಿರಿಯರನ್ನು ಕೇಳಲಿ. ಮೇಲಿನ ಸಮಿತಿಗಳು ಆ ಮಾತಿಗೆ ಬೆಲೆ ಕೊಡಲಿ.

ಕಡತ: ಮುಗಿಯಿತೇ? ಅದಿರಲಿ, ಅಪ್ಪೆಮಿಡಿ ಎಂದಿರಲ್ಲ, ಆ ಮರ ನಿಂತಿರುವುದು ಅರಣ್ಯದಲ್ಲಿ ತಾನೆ? ಕೊಯ್ಯಲು ತಮಗೆ ಅಪ್ಪಣೆ ಕೊಟ್ಟವರಾರು?

ಪ್ರಶ್ನೆ: ಕಿರು ಅರಣ್ಯೋತ್ಪನ್ನವನ್ನು ಸಂಗ್ರಹಿಸುವ ಹಕ್ಕನ್ನು ಅದೇ ಕಾಯ್ದೆಯ 3ನೇ ಕಲಮು ಅರಣ್ಯವಾಸಿಗಳಿಗೆ ಮಾನ್ಯ ಮಾಡಿದೆ, ಸ್ವಾಮಿ!

ಕಡತ: ಮಾಡಿದೆ, ಇಲ್ಲವೆಂದವರಾರು? ಅರ್ಜಿ ಕೊಡಿರಿ. ಜೊತೆಗೆ 75 ವರ್ಷಗಳ ಉಪ್ಪಿನಕಾಯಿಯನ್ನು, ವರ್ಷಕ್ಕೊಂದು ಭರಣಿಯಂತೆ, ದೃಢೀಕರಿಸಿ ಲಗತ್ತಿಸಿರಿ.