ಕೋಸಂಬರಿ ಟಾಕೊ ಮೀಮಾಂಸೆ

ನೆನೆಸಿದ ಹೆಸರುಬೇಳೆ, ಎಳೆ ಸೌತೆಕಾಯಿ, ಮಾವಿನಕಾಯಿ ತುರಿ, ಕಾಯಿತುರಿ ಇವುಗಳನ್ನು ಮೆತ್ತನೆಯ ಜೋಳದ ರೊಟ್ಟಿಯಲ್ಲಿ ಮಡಚಿ ನಿಂತುಕೊಂಡೇ ತಿನ್ನುವ ವಸಂತಕಾಲದ ದಿಢೀರ್ ತಿನಿಸೇ ಕೋಸಂಬರಿ ಟಾಕೊ. ಈ ಲಕ್ಷಣದಲ್ಲಿ ‘ನಿಂತುಕೊಂಡೇ’ ಎಂಬ ವಿಶೇಷಣವನ್ನು ಬಿಡುವಂತಿಲ್ಲ. ಉತ್ತರ ಕರ್ನಾಟಕದಲ್ಲಿ ರೊಟ್ಟಿಯ ಪಕ್ಕಕ್ಕೆ ಹಸಿ ತರಕಾರಿಯ ಪಚಡಿ ಇರುವುದು ವಾಡಿಕೆ. ವಿಶೇಷಣ ಬಿಟ್ಟರೆ ಅಲ್ಲಿ ಕೂತು ಉಣ್ಣುತ್ತಿರುವವರೆಲ್ಲ ಏಕಕಾಲಕ್ಕೆ ಫ್ಯೂಷನ್ ಪಾಕಪ್ರವೀಣರಾಗಿ, ಅತಿವ್ಯಾಪ್ತಿ ದೋಷ ಒದಗುತ್ತದೆ.

ಮೂರನೆಯ ಸೋಮೇಶ್ವರನ ಮಾನಸೋಲ್ಲಾಸವಾಗಲಿ ಮಂಗರಸನ ಸೂಪಶಾಸ್ತ್ರವಾಗಲಿ ಟಾಕೊವನ್ನು ಹೆಸರಿಸುವುದಿಲ್ಲ. ಹಾಗೆಂದು ಮೆಕ್ಸಿಕೊ ನಂಟು ಹೊಸದೆನ್ನಲಾಗದು. ಒಗ್ಗರಣೆಯ ಮೆಣಸಿನಕಾಯಿ ಅಮೆರಿಕ ಖಂಡದ್ದು. ಪೋರ್ಚುಗೀಸರ ಹಡಗು ಹತ್ತಿ 16ನೆಯ ಶತಮಾನದಲ್ಲಿ ಈ ಕಡೆಗೆ ಬಂದದ್ದು. ಅಲ್ಲಿಗೆ ಫ್ಯೂಷನ್ ನಡೆದುಹೋಗಿ ಶತಮಾನಗಳೇ ಆದವು. ಹೋಟೆಲಿನ ತಿಂಡಿಪಟ್ಟಿಯಲ್ಲಿ ಅದಕ್ಕೆ ಪ್ರತ್ಯೇಕ ಬೆಲೆ ನಮೂದಿಸುವುದೊಂದು ಬಾಕಿ ಇತ್ತು.

ಶಾಸ್ತ್ರದ ಅತ್ಯಂತ ವಿವಾದಾಸ್ಪದ ಭಾಗ ಕಾಲನಿರ್ಣಯ. ‘ಹತ್ತೇ ನಿಮಿಷ’ ಎಂಬುದು ಪ್ರತಿಜ್ಞೆ. ಬೇಳೆ ನೆನೆಯಲು ಗಂಟೆಯಾದರೂ ಬೇಕಲ್ಲ ಎಂಬುದು ಪೂರ್ವಪಕ್ಷ. ನೆನೆಯುವ ಕ್ರಿಯೆಗೆ ಕರ್ತೃ ಬೇಳೆಯೇ ಹೊರತು ಅಡುಗೆಯವರಲ್ಲ, ಆದ್ದರಿಂದ ಆ ಗಂಟೆ ಬೇಳೆಯ ಖಾತೆಗೆ ಸೇರತಕ್ಕದ್ದು ಎಂಬುದು ಸಿದ್ಧಾಂತ. ಇದೇ ನ್ಯಾಯದಿಂದ ತೆಂಗಿನಕಾಯಿ ತುರಿಯುವ ಹೊತ್ತು ಅತ್ತೆಯವರದು, ಸೌತೆಕಾಯಿ ಹೆಚ್ಚುವ ಹೊತ್ತು ಮನೆಯಲ್ಲಿ ಬಿಡುವಾಗಿದ್ದಾರೆಂದು ಭಾವಿಸಲಾದ ಇನ್ನೊಬ್ಬರದು. ತುರಿಮಣೆ ಹುಡುಕುವ ಸಮಯ ಅನಾದಿ, ಆದ್ದರಿಂದ ಅಗಣ್ಯ. ಪಾತ್ರೆ ತೊಳೆಯುವುದು ಉತ್ತರಕಾಂಡ. ಇಷ್ಟನ್ನೂ ಕಳೆದರೆ ಉಳಿಯುವುದು ಆರು ನಿಮಿಷ. ಮಿಕ್ಕ ನಾಲ್ಕು ಫೋಟೊ ತೆಗೆಯಲು.

ಮಾವಿನಕಾಯಿ ಗಿಣಿಮೂತಿಯದಾದರೆ ಹುಳಿ ಹದವಾಗಿರುತ್ತದೆ. ನಾಟಿ ಕಾಯಿಯಾದರೆ ಅರ್ಧ ತುರಿ ಸಾಕು. ಯುಗಾದಿಯ ನೆಪದಲ್ಲಿ ಬೇವಿನ ಹೂವನ್ನು ತುಪ್ಪದಲ್ಲಿ ಹುರಿದು ಉದುರಿಸಬೇಕೆನ್ನುವ ಪಂಥವೊಂದುಂಟು. ಅದರ ಅನುಯಾಯಿಗಳು ಬಡಿಸುವವರ ಸಾಲಿನಲ್ಲಿ ಮಾತ್ರ ಕಂಡುಬರುತ್ತಾರೆ. ಹೆಸರುಬೇಳೆಯ ಬದಲು ಕಡಲೆಬೇಳೆ ಹಾಕುವವರೂ ಇದ್ದಾರೆ. ಅವರಿಗೆ ಹಲ್ಲು ಗಟ್ಟಿ, ವಾದ ಇನ್ನೂ ಗಟ್ಟಿ. ಸಾಸಿವೆ, ಇಂಗು, ಕರಿಬೇವು, ಒಣಮೆಣಸಿನಕಾಯಿಯ ಒಗ್ಗರಣೆಯ ವಿಷಯದಲ್ಲಿ ಮಾತ್ರ ಎಲ್ಲ ಪಂಥಗಳೂ ಒಂದೇ. ಉಪ್ಪಿನ ಪ್ರಕರಣದಲ್ಲಿ ತಮಾಷೆಗೆ ಎಡೆಯಿಲ್ಲ: ಉಪ್ಪು ಸೌತೆಕಾಯಿಯ ನೀರನ್ನು ಹೊರಗೆಳೆಯುತ್ತದೆ. ಅದನ್ನು ಕಟ್ಟಕಡೆಗೆ, ರೊಟ್ಟಿಗೆ ತುಂಬುವ ಕ್ಷಣದಲ್ಲಿ ಬೆರೆಸದಿದ್ದರೆ ಕೋಸಂಬರಿ ಸಾರಾಗುತ್ತದೆ.

ಇನ್ನು ರೊಟ್ಟಿ. ಗೋಧಿಗಿರುವ ಜಿಗುಟು ಜೋಳಕ್ಕಿಲ್ಲ. ಅದಕ್ಕೇ ಕುದಿನೀರಲ್ಲಿ ಹಿಟ್ಟು ನಾದಿ ತಟ್ಟುವುದು. ಖಡಕ್ ರೊಟ್ಟಿ ಮಡಚಲು ಹೋದರೆ ಎರಡು ಟಾಕೊ ಆಗುತ್ತದೆ, ಎರಡೂ ಅಪೂರ್ಣ. ಕಾವಲಿಯಿಂದ ಇಳಿದ ಬಿಸಿ ರೊಟ್ಟಿಯನ್ನು ಬಟ್ಟೆಯಲ್ಲಿ ಸುತ್ತಿಟ್ಟರೆ ಕೆಲ ಹೊತ್ತು ಬಾಗುವ ಗುಣ ಉಳಿಯುತ್ತದೆ. ಮೆಕ್ಸಿಕೊದವರು ಮೆಕ್ಕೆಜೋಳವನ್ನು ಸುಣ್ಣದ ನೀರಲ್ಲಿ ಬೇಯಿಸಿ ಅರೆಯುವುದರಿಂದ ಅವರ ಟಾರ್ಟಿಯಾದ ಹಿಟ್ಟು ಕೂಡಿಕೊಳ್ಳುತ್ತದೆ, ಮಡಚಿದರೂ ತಾಳುತ್ತದೆ. ಕರ್ನಾಟಕದಲ್ಲಿ ಸುಣ್ಣವೆಲ್ಲ ಎಲೆಅಡಿಕೆಗೇ ಮೀಸಲಾದದ್ದರಿಂದ ಜೋಳಕ್ಕೆ ಆ ಯೋಗ ಕೂಡಿಬರಲಿಲ್ಲವೆಂದು ಊಹಿಸಬಹುದು.

ಆರೋಗ್ಯದ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. 2024ರ ಮಾರ್ಚ್‌ನಲ್ಲಿ ಕರ್ನಾಟಕ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಹಾಕುವುದನ್ನು ನಿಷೇಧಿಸಿತು. ಕೋಸಂಬರಿಗೆ ಅಂಥ ಭಯವಿಲ್ಲ. ಅದರ ಬಣ್ಣ ಬೇಳೆಯದು, ಬೇಕಿದ್ದರೆ ಕ್ಯಾರೆಟ್ಟಿನದು. ಎಣ್ಣೆ ಒಗ್ಗರಣೆಯ ಒಂದು ಚಮಚ ಮಾತ್ರ. ಮೇಲೆ ಒಂದು ಹಿಡಿ ಖಾರಾ ಸೇವ್, ಅದರ ಮೇಲೆ ಚೀಸ್ ಬಿದ್ದಾಗಲೂ ತಿನಿಸನ್ನು ಆರೋಗ್ಯಕರವೆಂದೇ ಕರೆಯುವುದು ಸಂಪ್ರದಾಯ.

ತುಂಬಿದ ಟಾಕೊ ಕೈಗೆ ಬಂದೊಡನೆ, ತಲೆಯನ್ನು ತುಸು ಓರೆಮಾಡಿ ತಿನ್ನತಕ್ಕದ್ದು. ತಡಮಾಡಿದರೆ ರೊಟ್ಟಿ ನೆನೆದು, ಹೂರಣ ಮೊಣಕೈವರೆಗೆ ಇಳಿಯುತ್ತದೆ. ಕಲಸಿದ ಕೋಸಂಬರಿ ಬೇಸಿಗೆಯ ಸಂಜೆಯೊಳಗೆ ಹಳಸುವುದರಿಂದ ನಾಳೆಗೆಂದು ಎತ್ತಿಡುವಂತಿಲ್ಲ. ಮಿಕ್ಕ ರೊಟ್ಟಿಯನ್ನು ಒಣಗಿಸಿ, ಖಡಕ್ ಆದ ಮೇಲೆ ಶೇಂಗಾ ಚಟ್ನಿಪುಡಿ, ಮೊಸರಿನೊಂದಿಗೆ ಕೂತುಕೊಂಡೇ ತಿನ್ನಬಹುದು; ಅದು ಫ್ಯೂಷನ್ ಅಲ್ಲ, ಈ ಗ್ರಂಥದ ವ್ಯಾಪ್ತಿಗೆ ಬರುವುದಿಲ್ಲ.